ಸೊನ್ನೆ ಬರೆಯುವ ಮುಂಚೆ

ಮೂರನೇ ದಿನದ ಹೊತ್ತಿಗೆ ಕಾಲು ನನ್ನದಲ್ಲ.
ಹಾಸನೂರಿನ ಕಚೇರಿಯಲ್ಲಿ ಹದಿನಾರು ವರ್ಷ
ಕುರ್ಚಿಗೆ ಒಗ್ಗಿದ ಮೈ ಇದು.
ಗಣತಿಗೆ ಆಳು ಸಾಲದೆಂದು
ರೈಟರನ್ನೂ ಕಾಡಿಗಟ್ಟಿದರು.
ಕೈಯಲ್ಲಿ ತಮಿಳಿನ ನಮೂನೆ,
ಕೊರಳಲ್ಲಿ ದಿಕ್ಸೂಚಿ, ಬೆನ್ನಿಗೆ ನೀರು,
ಮುಂದೆ ಕುಂಬಣ್ಣ.

ಅವನ ನಡಿಗೆಗೆ ಅವಸರವಿಲ್ಲ.
ಸಾಲ ತೀರಿಸಿ ಬಂದವನ ಹಾಗೆ ಹೋಗುತ್ತಾನೆ
ಹೆಜ್ಜೆ ಇಟ್ಟು, ನೋಡಿ, ಬಿಟ್ಟು.
ಮೊದಲ ದಿನ ನಾನವನನ್ನು ಹಿಂದೆ ಹಾಕಿದ್ದೆ!
ಹನ್ನೊಂದು ಗಂಟೆಗೆ ಬಿದಿರುಮೆಳೆಯ ಬುಡದಲ್ಲಿ
ವಾಂತಿ ಮಾಡುತ್ತಿದ್ದವಳ ಪಕ್ಕ ಬಂದು ನಿಂತು,
"ಮುಗೀತಾ ರೈಟ್ರವ್ವ, ಕಾಡು?" ಅಂದ.

ಆಮೇಲೆ ಹೇಳಿಕೊಟ್ಟದ್ದೂ ಬೈದ ಹಾಗೆಯೇ.
ಏರಲ್ಲಿ ಮಾತಾಡ್ಬ್ಯಾಡ.
ಮಾತಾಡಕ್ಕೆ ಉಸಿರಿಲ್ದಂಗೂ ನಡೀಬ್ಯಾಡ.
ಪೂರಾ ಕೂತ್ಕಬ್ಯಾಡ, ಮರಕ್ಕೆ ಬೆನ್ನು ಕೊಡು;
ಕೂತ ಮಂಡಿ ಮನೆ ನೆನಸ್ಕತದೆ.
ನೀರಿಗೆ ಮುಂಚೆ ಒಂದು ಬೆಟ್ಟದನೆಲ್ಲಿ ಕಚ್ಚು.

ಕಚ್ಚಿದೆ. ಮುಖ ಹಿಂಡಿಕೊಂಡಿತು.
ಬಿಸಿಲಿಗೆ ಕಾದ ಬಾಟಲಿಯ ನೀರು
ಸಿಹಿಯಾಯಿತು, ಎರಡೇ ಗುಟುಕು.
ಮೂರನೆಯದಕ್ಕೆ ಬಾಟಲಿ ಕಸಿದುಕೊಂಡ.

ನಾಲ್ಕನೇ ದಿನ, ಎರಡು ಕಿಲೋಮೀಟರಿನ ಗೆರೆ.
ಬಿಳಿ ಬಣ್ಣ ಬಳಿದ ಮರದಿಂದ ಮರಕ್ಕೆ
ಕಂಡದ್ದನ್ನೆಲ್ಲ ಬರೆಯಬೇಕು:
ಏನು, ಎಷ್ಟು, ಎಷ್ಟು ದೂರ, ಯಾವ ದಿಕ್ಕು.
ಮನಸ್ಸು ಮಾತ್ರ ಬೆಳಗಿನಿಂದ ಒಂದೇ ಲೆಕ್ಕದಲ್ಲಿದೆ:
ಇನ್ನೆಷ್ಟು ಮರ, ಇನ್ನೆಷ್ಟು ಮರ.

ಬಲಗಡೆ ಲಂಟಾನದ ಪೊದೆ. ನೋಡಿದೆನೇ?
ಕತ್ತು ತಿರುಗಿತ್ತು, ಅಷ್ಟೆ.
ಪೆನ್ನು ತಾನಾಗಿ ಒಂದು ಸೊನ್ನೆ ಸುತ್ತಿತು,
ಹದಿನಾರು ವರ್ಷ ಪಳಗಿದ, ದುಂಡನೆಯ
ಕಚೇರಿಯ ಸೊನ್ನೆ.

ಕುಂಬಣ್ಣ ಹಾಳೆ ನೋಡಲಿಲ್ಲ, ನನ್ನನ್ನು ನೋಡಿದ.
"ಕಾಲು ಸೋಲದು ಕಡೇಲಿ ಕಣವ್ವ.
ಮೊದ್ಲು ಕಣ್ಣು ಸೋತದೆ.
ಅದು ಸೋತಿದ್ದು ಕಾಲಿಗೂ ಗೊತ್ತಾಗಕ್ಕಿಲ್ಲ."
ಐವತ್ತು ಹೆಜ್ಜೆ ಹಿಂದಕ್ಕೆ ನಡೆಸಿದ.
ನಾನು ತಮಿಳಿನಲ್ಲಿ ಬೈದೆ, ಮೆಲ್ಲಗೆ.
ಅವನಿಗೆ ತಮಿಳೂ ಬರುತ್ತದೆ.

ಮತ್ತಿಮರಕ್ಕೆ ಒರಗಿಸಿ
ರಾಗಿ ಅಂಬಲಿಯ ಡಬ್ಬಿ ಕೈಗಿಟ್ಟ. ಉಪ್ಪುಪ್ಪು.
ಕಣ್ಮುಚ್ಚಿ ನೂರು ಉಸಿರು ಎಣಿಸು ಅಂದ.
ನಲವತ್ತರ ಆಚೆ ನನಗೆ ನೆನಪಿಲ್ಲ.
ನಿಂತಲ್ಲೇ ನಿದ್ದೆ ಬರುತ್ತದೆ
ಎಂದು ಕುದುರೆಗೆ ಮಾತ್ರ ಗೊತ್ತಿತ್ತು, ಇಲ್ಲಿಯವರೆಗೆ.

ಕಣ್ಣು ಬಿಟ್ಟಾಗ
ಅದೇ ಪೊದೆಯಲ್ಲಿ ಒಂದು ಎಲೆ ನೊಣ ಕೊಡವಿತು.
ಎಲೆಯಲ್ಲ, ಕಿವಿ.
ಕಿವಿಯ ಕೆಳಗೆ ನಿಧಾನವಾಗಿ ಮುಖ, ಕತ್ತು,
ಮೆಲುಕು ನಿಲ್ಲಿಸಿದ ದವಡೆ.
ಆಗಲೂ ಇತ್ತು ಅದು. ನಾನು ಸೊನ್ನೆ ಬರೆದದ್ದನ್ನೂ
ನೋಡಿಕೊಂಡೇ ಇತ್ತು.

ಹೊಡೆದು ಹಾಕಿ ಬರೆದೆ:
ಕಡವೆ, ಹೆಣ್ಣು, ಒಂದು. ಹದಿನೆಂಟು ಮೀಟರು.
ಕೈ ನಡುಗಿ ಅಕ್ಷರ ಕೆಟ್ಟಿತು.

ಆ ರಾತ್ರಿ ಉಪ್ಪುನೀರಲ್ಲಿ ಪಾದ ಇಳಿಬಿಟ್ಟು
ಹಿಂದಿನ ಹಾಳೆಗಳನ್ನು ತಿರುವಿದೆ.
ಮೂರು ದಿನದ ಸೊನ್ನೆಗಳು.
ಅವುಗಳಲ್ಲಿ ಎಷ್ಟು ಕಾಡಿನವು, ಎಷ್ಟು ನನ್ನವು?
ಮೀನಖಂಡ ಹಿಡಿದುಕೊಂಡು ಎದ್ದೆ, ಮತ್ತೆ ಮಲಗಿದೆ.
ಬೆಳಿಗ್ಗೆ ಮೂರರ ಮುಂದೂ ಪ್ರಶ್ನೆಚಿಹ್ನೆ ಹಾಕಿದೆ.
ಸಾಹೇಬರು ಏನೆನ್ನುತ್ತಾರೋ.

ಆರನೇ ದಿನ, ಕೊನೆಯ ಏರು.
ಕುಂಬಣ್ಣ ದಾರಿಯಲ್ಲಿ ನಿಂತ, ಅಂಗಾಲು ಎತ್ತಿ
ಮುಳ್ಳು ಅಂದ. ಬಹಳ ಹೊತ್ತು ಹುಡುಕಿದ.
ಬಗ್ಗಿ ನೋಡಿದೆ. ಮುಳ್ಳಿರಲಿಲ್ಲ.
ಸೊಂಟಕ್ಕೊತ್ತಿದ ಕೈ ಬೆವರುತ್ತಿತ್ತು.
ಎದೆ ಹಳೆ ತಿದಿಯಂತೆ ಏಳುತ್ತ ಇಳಿಯುತ್ತ.

ಸಿಕ್ಕಿತು ಅಂದ. ಏನನ್ನೋ ಎಸೆದ. ಹೊರಟ.

ಇನ್ನೊಂದು ಫರ್ಲಾಂಗು. ಅವನ ಹೆಜ್ಜೆಯ ತಾಳ ತಪ್ಪಿತು.
"ಕುಂಬಣ್ಣ, ಒಂಚೂರು ನಿಲ್ಲು,
ನನಗೂ ಮುಳ್ಳು," ಅಂದೆ.
ಅಷ್ಟು ದಪ್ಪ ಅಟ್ಟೆಯ ಬೂಟಿನೊಳಗೆ!
ಅವನು ಏನೂ ಕೇಳಲಿಲ್ಲ.
ಮರಕ್ಕೆ ಬೆನ್ನು ಕೊಟ್ಟ.
ನಾನು ಲೇಸು ಬಿಚ್ಚಿ, ಕಾಲುಚೀಲ ತೆಗೆದು,
ಬೆರಳು ಬೆರಳಿನ ಸಂದಿಯನ್ನೂ
ಅವನ ಉಸಿರು ಒಂದು ಹದಕ್ಕೆ ಬರುವವರೆಗೆ
ಹುಡುಕಿದೆ.